ಮಲಯಾಳಂ ಮನೆಮಾತು, ಬರೆಯೋದು ಕನ್ನಡದಲ್ಲಿ: ಕತೆ ಕಳಿಸೋ ಮುಂಚೆ ಏನೇನು ನೋಡ್ಕೋಬೇಕು?

ಎನ್ನಾರ್‌ಪುರದ ಓದುಗಿ:

ಎಲ್ಲರಿಗೂ ನಮಸ್ಕಾರ. ಹುಟ್ಟಿ ಓದಿದ್ದು ಕೇರಳದಲ್ಲಿ, ಮಲಯಾಳಂ ಮಾಧ್ಯಮ. ಈಗ ಇರುವುದು ನರಸಿಂಹರಾಜಪುರದ ಹತ್ತಿರ. ಕನ್ನಡ ಇಲ್ಲಿಗೆ ಬಂದ ಮೇಲೆ ಕಲಿತದ್ದು. ಒಂದು ಸಂಕಲನಕ್ಕೆ ಆಗುವಷ್ಟು ಕತೆಗಳನ್ನು ಕನ್ನಡದಲ್ಲೇ ಬರೆದಿದ್ದೇನೆ, ಯಾವುದೂ ಪ್ರಕಟವಾಗಿಲ್ಲ. ಓದಿದವರು ‘ಚೆನ್ನಾಗಿದೆ, ಆದರೆ ಎಲ್ಲೋ ಕನ್ನಡ ಕನ್ನಡ ಅನ್ನಿಸಲ್ಲ’ ಅನ್ನುತ್ತಾರೆ. ಎಲ್ಲಿ ಅಂತ ಕೇಳಿದರೆ ತೋರಿಸಲು ಅವರಿಗೂ ಆಗುವುದಿಲ್ಲ. ಕರಡು ತಿದ್ದುವ ಕೆಲಸ ಗೊತ್ತಿರುವವರು, ಪತ್ರಿಕೆ, ಪ್ರಕಾಶನದ ವ್ಯವಹಾರ ಗೊತ್ತಿರುವವರು ದಯವಿಟ್ಟು ಹೇಳಿ: ಮೊದಲು ಏನನ್ನು ತಿದ್ದಬೇಕು, ಎಷ್ಟು ತಿದ್ದಬೇಕು, ಆಮೇಲೆ ಎಲ್ಲಿಗೆ, ಹೇಗೆ ಕಳಿಸಬೇಕು?

ಕೆಂಪು ಶಾಯಿ, ಹಾಸನ:

ಮೇಡಂ, ಮಲಯಾಳಂನಿಂದ ಬಂದವರ ಕನ್ನಡದಲ್ಲಿ ಪದಸಂಪತ್ತಿಗೆ ಬರ ಇರೋದಿಲ್ಲ. ಎಡವೋದು ಕ್ರಿಯಾಪದದ ಬಾಲದಲ್ಲಿ. ನಿಮ್ಮಲ್ಲಿ ‘ವನ್ನು’ ಅಂದರೆ ಮುಗೀತು, ಬಂದದ್ದು ಅವನೋ ಅವಳೋ ಅವರೋ, ಕ್ರಿಯಾಪದಕ್ಕೆ ಅದರ ಗೊಡವೆಯಿಲ್ಲ. ನಮ್ಮಲ್ಲಿ ಬಂದ, ಬಂದಳು, ಬಂದರು, ಬಂತು, ಬಂದವು. ಮಾತಲ್ಲಿ ಇದನ್ನು ಸರಿಯಾಗಿ ಆಡುವವರೂ ಬರವಣಿಗೆಯಲ್ಲಿ ಜಾರುತ್ತಾರೆ, ಯಾಕಂದ್ರೆ ಬರೆಯುವಾಗ ವಾಕ್ಯ ಉದ್ದವಾಗುತ್ತೆ, ಕರ್ತೃ ಎಲ್ಲೋ, ಕ್ರಿಯೆ ಎಲ್ಲೋ. ‘ಲೈನ್ ಮನೆ ಕಡೆಯಿಂದ ಬಂದ ಹೆಂಗಸರ ಗುಂಪು ಕಣದ ಹತ್ತಿರ ರೈಟರಿಗಾಗಿ ಕಾಯುತ್ತಿದ್ದರು.’ ಇಲ್ಲಿ ಕಾದದ್ದು ಗುಂಪು, ಆದ್ದರಿಂದ ‘ಕಾಯುತ್ತಿತ್ತು’. ‘ಹೆಂಗಸರು’ ಅಂತಲೇ ಬರೆದಿದ್ದರೆ ‘ಕಾಯುತ್ತಿದ್ದರು’ ಸರಿ. (ತೋಟದ ಲೆಕ್ಕ ಬರೆಯೋ ರೈಟರು, ನಿಮ್ಮಂಥ ರೈಟರಲ್ಲ!)

ತಿದ್ದೋದು ಹೀಗೆ. ಕತೆಯನ್ನು ಪ್ರಿಂಟ್ ಹಾಕಿಸಿ. ಒಂದು ಸುತ್ತು ಪ್ರತಿ ವಾಕ್ಯದ ಕೊನೆಯ ಪದಕ್ಕೆ ಮಾತ್ರ ಗೆರೆ ಎಳೀರಿ, ಅಲ್ಲಿಂದ ಹಿಂದಕ್ಕೆ ಹೋಗಿ ಅದರ ಕರ್ತೃ ಹುಡುಕಿ. ಆ ಸುತ್ತಿನಲ್ಲಿ ಕತೆ ಓದಬಾರದು, ಓದಿದರೆ ಕಣ್ಣು ತಪ್ಪನ್ನು ದಾಟಿಕೊಂಡು ಹೋಗುತ್ತೆ.

ಎರಡನೇ ಸುತ್ತು ನಿಷೇಧಕ್ಕೆ. ‘ಕನ್ನಡ ಕನ್ನಡ ಅನ್ನಿಸಲ್ಲ’ ಅನ್ನೋದರ ಮುಕ್ಕಾಲು ಪಾಲು ಇಲ್ಲೇ ಇರಬಹುದು ಅಂತ ನನ್ನ ಅನುಮಾನ. ಮಲಯಾಳಂನ ‘ವನ್ನಿಲ್ಲ’ ಕನ್ನಡದಲ್ಲಿ ಎರಡಾಗಿ ಒಡೆಯುತ್ತೆ. ಈಗಲೂ ಬಂದಿಲ್ಲ ಅನ್ನೋದಕ್ಕೆ ‘ಬಂದಿಲ್ಲ’. ಆವತ್ತಿನ ಸಂಗತಿಯಾದರೆ ‘ಬರಲಿಲ್ಲ’. ‘ಆ ರಾತ್ರಿ ಅವನು ಮನೆಗೆ ಬಂದಿಲ್ಲ, ಅವಳು ಊಟ ಮಾಡಿಲ್ಲ’ ಅಂತ ಕತೆ ಸಾಗಿದರೆ ನಮ್ಮ ಕಡೆಯ ಓದುಗರಿಗೆ ಯಾರೋ ಪಕ್ಕದಲ್ಲಿ ನಿಂತು ವರದಿ ಒಪ್ಪಿಸುತ್ತಿರುವ ಹಾಗೆ ಕೇಳುತ್ತೆ. ‘ಬರಲಿಲ್ಲ, ಮಾಡಲಿಲ್ಲ’ ಅಂದ ಕೂಡಲೇ ಅದು ಕತೆ. ಕರಾವಳಿಯ ಮಾತಲ್ಲಿ ‘ಬಂದಿಲ್ಲ’ ಹೆಚ್ಚು ಓಡಾಡುತ್ತೆ, ನಿಜ. ಪಾತ್ರ ಅಲ್ಲಿಯವರಾದರೆ ಅವರ ಬಾಯಲ್ಲಿ ಇರಲಿ, ನಿರೂಪಣೆಯಲ್ಲಿ ಬೇಡ.

ಮಿಕ್ಕವು ಬೇಗ ಬೇಗ: ‘ಒಂದು ಹುಡುಗ’ ಅಲ್ಲ, ಒಬ್ಬ ಹುಡುಗ. ಎರಡು ಹೆಂಗಸರು ಅಲ್ಲ, ಇಬ್ಬರು. ನಿಮ್ಮಲ್ಲಿ ಕೇಳುವವರನ್ನು ಸೇರಿಸಿಕೊಂಡ ‘ನಮ್ಮಳ್’ ಬೇರೆ, ಬಿಟ್ಟ ‘ಞಙ್ಙಳ್’ ಬೇರೆ. ನಮಗೆ ಎರಡಕ್ಕೂ ‘ನಾವು’ ಒಂದೇ, ಹಾಗಾಗಿ ‘ನಾವಿಬ್ಬರೂ’, ‘ನಮ್ಮ ಮನೆಯವರು’ ಅಂತ ಬಿಡಿಸಬೇಕು. ನಿರ್ಜೀವ ವಸ್ತುವಿಗೆ ‘ಅನ್ನು’ ಎಲ್ಲ ಕಡೆ ಹಚ್ಚಬೇಡಿ. ‘ಬಾಗಿಲು ತೆಗೆದಳು’ ಸಾಕು, ‘ಬಾಗಿಲನ್ನು ತೆಗೆದಳು’ ಅಂತ ಪುಟವಿಡೀ ಬಂದರೆ ಪಠ್ಯಪುಸ್ತಕ. ಅವಸರ, ಅವಕಾಶ, ಸಂಸಾರ ಇವೆಲ್ಲ ಎರಡೂ ಕಡೆ ಇವೆ, ಅರ್ಥ ಮಾತ್ರ ಒಂದಲ್ಲ. ಕಾಗುಣಿತ ತಪ್ಪನ್ನು ಯಾರಾದರೂ ಹಿಡೀತಾರೆ, ಇಂಥ ಪದವನ್ನು ಹಿಡಿಯೋದಿಲ್ಲ, ತಪ್ಪಾಗಿ ಅರ್ಥ ಮಾಡಿಕೊಂಡು ಮುಂದೆ ಹೋಗುತ್ತಾರೆ.

ವಯಸ್ಸಾದ ಪಾತ್ರಕ್ಕೆ ನಿರೂಪಕರು ‘ಅವರು’ ಅನ್ನುತ್ತಾರೋ ‘ಅವನು’ ಅನ್ನುತ್ತಾರೋ ಮೊದಲ ಪುಟದಲ್ಲೇ ತೀರ್ಮಾನಿಸಿ. ಅರ್ಧ ಕತೆಯಾದ ಮೇಲೆ ಮರ್ಯಾದೆ ಬದಲಾದರೆ ಏನೋ ಘಟಿಸಿದೆ ಅಂತ ಓದುಗರು ಹುಡುಕ್ತಾ ಕೂರುತ್ತಾರೆ.

ಬೇಲೂರು ರಸ್ತೆ:

ಕೆಂಪು ಶಾಯಿಯವರು ಹೇಳಿದ್ದೆಲ್ಲ ಸರಿ, ಆದರೆ ಸಂಭಾಷಣೆಗೆ ಆ ಪಟ್ಟಿ ಹಿಡ್ಕೊಂಡು ಹೋಗಬೇಡಿ. ಅಲ್ಲಿ ಸಮಸ್ಯೆ ತಿರುಗಾ ಮುರುಗಾ: ಕನ್ನಡ ಕಲಿತು ಬರೆಯುವವರ ಪಾತ್ರಗಳು ಅತಿ ಶುದ್ಧವಾಗಿ ಮಾತಾಡ್ತವೆ. ಮರಗಸಿ ಮಾಡೋನು, ಅಂದರೆ ತೋಟದ ಮರದ ಕೊಂಬೆ ಸವರೋನು, ಮರದ ಮೇಲಿಂದ ‘ಹಗ್ಗವನ್ನು ಕೊಡಿರಿ’ ಅಂತ ಕೂಗೋದಿಲ್ಲ.

ಎರಡನೆಯದು, ಊರು. ನೀವಿರೋ ಎನ್.ಆರ್. ಪುರ, ಕೊಪ್ಪದ ಕಡೆ ‘ಎಂತ ಮಾರಾಯ್ರೆ’ ಸಹಜ. ಅದೇ ಪಾತ್ರವನ್ನು ಅರಸೀಕೆರೆ, ಚನ್ನರಾಯಪಟ್ಟಣದ ಬಯಲಿಗೆ ತಂದರೆ ‘ಏನ್ಲಾ’, ‘ಬಂದವ್ನೆ’, ‘ಓಯ್ತಾನೆ’. ಹಾಸನ ಜಿಲ್ಲೆ ಒಂದೇ ಅಂತ ಸಕಲೇಶಪುರಕ್ಕೂ ಅರಸೀಕೆರೆಗೂ ಒಂದೇ ನಾಲಗೆ ಕೊಡಬೇಡಿ. ಹಾಗಂತ ಕೇಳಿಸಿದ್ದನ್ನೆಲ್ಲ ಕೇಳಿಸಿದ ಹಾಗೇ ಅಕ್ಷರಕ್ಕಿಳಿಸಿದರೆ ಓದೋಕೆ ಹಿಂಸೆ. ಒಂದು ಪಾತ್ರಕ್ಕೆ ಮೂರೋ ನಾಲ್ಕೋ ಗುರುತು ಸಾಕು: ಕ್ರಿಯಾಪದದ ಒಂದು ರೂಪ, ಕರೆಯುವ ಒಂದು ಮಾತು, ಒಂದು ಒಗ್ಗರಣೆ ಪದ. ಹಕಾರ ಬೀಳಿಸೋದನ್ನು ಕೂಲಿಯವರ ಬಾಯಿಗೆ ಮಾತ್ರ ಇಟ್ಟು ಸಾಹುಕಾರರಿಗೆ ಬಿಟ್ಟರೆ ಅದು ಭಾಷೆಯ ಗುರುತಾಗಿ ಉಳಿಯಲ್ಲ, ಗೇಲಿ ಆಗುತ್ತೆ. ಯಾರು ಯಾರನ್ನು ಏನಂತ ಕರೀತಾರೆ ಅನ್ನೋದನ್ನೂ ಬರೆದಿಟ್ಟುಕೊಳ್ಳಿ. ಗೌಡ್ರೇ, ಅಮ್ಮಾವ್ರೇ, ರೈಟರ್ರೇ ಇವು ಅದಲು ಬದಲಾದರೆ ಕತೆಯ ಸಂಬಂಧಗಳೇ ಕೆಡುತ್ತವೆ.

ಎನ್ನಾರ್‌ಪುರದ ಓದುಗಿ:

‘ಬಂದಿಲ್ಲ, ಬರಲಿಲ್ಲ’ ನೋಡಿದೆ. ಮೊದಲ ಕತೆಯಲ್ಲೇ ತುಂಬಿಕೊಂಡಿದೆ! ಇನ್ನೆರಡು ಪ್ರಶ್ನೆ. ನನ್ನ ಪಾತ್ರಗಳು ಮನೆಯೊಳಗೆ ಮಲಯಾಳಂ ಆಡುವವರು. ಆ ಪದಗಳಿಗೆ ಅಡಿಟಿಪ್ಪಣಿ ಕೊಡಬೇಕೇ? ಮತ್ತೆ, ಮೊದಲು ಮಲಯಾಳಂನಲ್ಲಿ ಬರೆದು ಆಮೇಲೆ ಕನ್ನಡಕ್ಕೆ ತರುವುದು ವಾಸಿಯೇ?

ಚಂದ್ರದ್ರೋಣ:

ಎರಡನೆಯದಕ್ಕೆ ಮೊದಲು ಉತ್ತರ: ಬೇಡ. ಮಲಯಾಳಂನಲ್ಲಿ ನಿಮ್ಮ ಕೈ ಪಳಗಿದೆ, ಅಲ್ಲಿ ಸಲೀಸಾಗಿ ಹುಟ್ಟಿದ ವಾಕ್ಯವನ್ನು ಕನ್ನಡಕ್ಕೆ ತರುವಾಗ ಅದರ ಎಲುಬು ಹಾಗೇ ಬರುತ್ತೆ. ಇಂಗ್ಲಿಷಿನಲ್ಲಿ ಹೆಸರಾಗಿದ್ದ ಝುಂಪಾ ಲಾಹಿರಿ ಇಟಾಲಿಯನ್ ಭಾಷೆಯಲ್ಲಿ ಬರೆದ ಮೊದಲ ಪುಸ್ತಕ 2015ರಲ್ಲಿ ಬಂತು. ಅದನ್ನು ಇಂಗ್ಲಿಷಿಗೆ ತರುವ ಕೆಲಸವನ್ನು ಅವರು ತಾವು ಮಾಡದೆ ಆನ್ ಗೋಲ್ಡ್‌ಸ್ಟೈನ್ ಅವರಿಗೆ ಬಿಟ್ಟರು. ಗಟ್ಟಿ ಭಾಷೆ ಎಳಸು ಭಾಷೆಯ ಮೇಲೆ ಸವಾರಿ ಮಾಡುತ್ತೆ, ಅದಕ್ಕೆ.

ಅಗೋತಾ ಕ್ರಿಸ್ಟೋಫ್ ಅವರದು ನಿಮಗೆ ಇನ್ನೂ ಹತ್ತಿರದ ಉದಾಹರಣೆ. 1956ರಲ್ಲಿ ಹಂಗೇರಿಯಿಂದ ಓಡಿಬಂದು ಸ್ವಿಟ್ಜರ್ಲೆಂಡಿನಲ್ಲಿ ಗಡಿಯಾರದ ಕಾರ್ಖಾನೆಗೆ ಸೇರಿದವರು. ಫ್ರೆಂಚ್ ಅಲ್ಲೇ ಕಲಿತದ್ದು. ಮೊದಲ ಕಾದಂಬರಿ ಪ್ರಕಟವಾದದ್ದು 1986ರಲ್ಲಿ, ಅಂದರೆ 30 ವರ್ಷದ ಮೇಲೆ. ಅದಕ್ಕೂ ಮುಂಚೆ ಬರೆದದ್ದು ನಾಟಕ, ರೇಡಿಯೋ ನಾಟಕ. ಇದರಲ್ಲಿ ಕಸುಬಿನ ಪಾಠ ಇದೆ: ಕಲಿತ ಭಾಷೆಯಲ್ಲಿ ಮೊದಲು ಕೈಗೆ ಹತ್ತೋದು ಮಾತುಕತೆ, ವರ್ಣನೆ ಅಲ್ಲ. ಕಾದಂಬರಿಗೆ ಬಂದಾಗಲೂ ಅವರು ಭಾವ ತುಂಬಿದ ಪದಗಳನ್ನು ಹತ್ತಿರ ಬಿಟ್ಟುಕೊಳ್ಳಲಿಲ್ಲ. ಗಿಡ್ಡ ವಾಕ್ಯ, ಕಂಡದ್ದು, ಮಾಡಿದ್ದು, ಅಷ್ಟೇ. ಕೊರತೆಯೇ ಶೈಲಿಯಾಯಿತು. ಆದ್ದರಿಂದ ಕೆಂಪು ಶಾಯಿಯವರ ಎರಡು ಸುತ್ತು ದಾಟಿದ ತಿದ್ದುಪಡಿಗೆ ನನ್ನ ಸಹಮತ ಇಲ್ಲ. ವ್ಯಾಕರಣ ತಿದ್ದಿಸಿ, ನುಡಿಗಟ್ಟು ತುಂಬಿಸೋಕೆ ಮಾತ್ರ ಬಿಡಬೇಡಿ. ತಿದ್ದುವವರು ಉತ್ಸಾಹದಲ್ಲಿ ಪುಟಕ್ಕೆರಡು ಗಾದೆ ಸೇರಿಸಿಬಿಟ್ಟರೆ ಕತೆ ಅವರದಾಗುತ್ತೆ.

ಕನ್ನಡದಲ್ಲಂತೂ ಇದು ಹೊಸ ದಾರಿಯೇನಲ್ಲ. ಮಾಸ್ತಿಯವರ ಮನೆಮಾತು ತಮಿಳು, ಬೇಂದ್ರೆಯವರದು ಮರಾಠಿ, ಕಾರ್ನಾಡರದು ಕೊಂಕಣಿ. ಮೂವರಿಗೂ ಜ್ಞಾನಪೀಠ ಬಂದದ್ದು ಕನ್ನಡಕ್ಕೆ. ಇವರೆಲ್ಲ ಕನ್ನಡದ ಊರುಗಳಲ್ಲೇ ಬೆಳೆದವರು, ವಲಸೆ ಬಂದವರಲ್ಲ ಅನ್ನೋ ವ್ಯತ್ಯಾಸ ಇದೆ. ಹಾಗಾಗಿ ಅವರ ಹೆಸರು ಹೇಳಿ ಧೈರ್ಯ ಕೊಡಬಹುದು, ವಿಧಾನ ಕಲಿಯೋಕೆ ಕ್ರಿಸ್ಟೋಫ್ ಥರದವರೇ ಬೇಕು.

ಅಡಿಟಿಪ್ಪಣಿ ಬೇಡವೇ ಬೇಡ. ನಮ್ಮ ಹಾಸನದ ಬಾನು ಮುಷ್ತಾಕ್ ಅವರ ಮನೆಮಾತು ದಖನಿ ಉರ್ದು. ಅವರ 12 ಕತೆಗಳ ಇಂಗ್ಲಿಷ್ ಅನುವಾದಕ್ಕೆ 2025ರಲ್ಲಿ ಇಂಟರ್‌ನ್ಯಾಷನಲ್ ಬುಕರ್ ಬಂತಲ್ಲ, ಅದರಲ್ಲಿ ದೀಪಾ ಭಾಸ್ತಿ ಕನ್ನಡ, ಉರ್ದು, ಅರಬ್ಬಿ ಪದಗಳನ್ನು ಓರೆ ಅಕ್ಷರವಿಲ್ಲದೆ, ಅಡಿಟಿಪ್ಪಣಿಯಿಲ್ಲದೆ ಬಿಟ್ಟಿದ್ದಾರೆ. ಇಂಗ್ಲಿಷ್ ಓದುಗರು ತಡಕೊಂಡರು, ಕನ್ನಡದವರು ‘ಚೇಟ್ಟ’, ‘ಅಮ್ಮಚ್ಚಿ’, ‘ಕಪ್ಪ’ ತಡಕೊಳ್ಳೋದಿಲ್ಲವೇ? ಪದ ಮೊದಲ ಸಲ ಬಂದಾಗ ಪಕ್ಕದಲ್ಲೊಂದು ಕೆಲಸ ಇಡಿ: ‘ಕಪ್ಪ ಬೇಯಿಸಿದ ನೀರು ಬಸಿದಳು’ ಅಂದರೆ ಅದು ತಿನ್ನೋ ಗೆಡ್ಡೆ ಅಂತ ತಾನೇ ತಿಳಿಯುತ್ತೆ. ನಿಮ್ಮ ಮಲಯಾಳಂನ ‘ഴ’ ಅಕ್ಷರಕ್ಕೆ ಹಳಗನ್ನಡದಲ್ಲಿ ೞ ಇತ್ತು, ಇವತ್ತಿನವರಿಗೆ ಅದರ ಗುರುತಿಲ್ಲ. ‘ಳ’ ಬರೆಯಿರಿ, ಇಡೀ ಪುಸ್ತಕದಲ್ಲಿ ಅದನ್ನೇ ಉಳಿಸಿಕೊಳ್ಳಿ.

ಕೆಂಪು ಶಾಯಿ, ಹಾಸನ:

ಗಾದೆ ತುರುಕಿ ಅಂತ ನಾನೆಲ್ಲಿ ಹೇಳಿದೆ ಸಾರ್? ‘ಅನ್ನು’ ಕಡಿಮೆ ಮಾಡಿ ಅಂದೆ. ಕ್ರಿಸ್ಟೋಫ್ ಶೈಲಿ ಅಂತ ಹೇಳಿಕೊಂಡು ಕಾಟಾಚಾರದ ಕನ್ನಡವನ್ನು ಹಾಗೇ ಬಿಡೋದೂ ಉಂಟು, ಅದಕ್ಕೆ ಎಚ್ಚರಿಕೆ ಕೊಟ್ಟದ್ದು.

ಅಚ್ಚುಮೊಳೆ:

ಕಳಿಸೋ ವಿಚಾರಕ್ಕೆ ಬರೋಣ. ಮಯೂರ, ತುಷಾರ, ಕಸ್ತೂರಿ, ಸುಧಾ, ತರಂಗ, ದಿನಪತ್ರಿಕೆಗಳ ಭಾನುವಾರದ ಪುರವಣಿ. ಪುರವಣಿಗೆ ಗಿಡ್ಡ ಕತೆಯೇ ಆಗಬೇಕು, ಮಾಸಿಕಗಳಲ್ಲಿ ಸ್ವಲ್ಪ ಕೈ ಚಾಚಬಹುದು. ಒಂದು ಕತೆ ಒಂದು ಕಡೆಗೆ ಮಾತ್ರ. ಪ್ರಜಾವಾಣಿ ದೀಪಾವಳಿ ಕಥಾಸ್ಪರ್ಧೆಯಂಥದಕ್ಕೆ ಕಳಿಸೋದಾದರೆ ಆ ವರ್ಷದ ಪ್ರಕಟಣೆಯಲ್ಲಿರೋ ಪದಮಿತಿ, ಕೊನೇ ದಿನ ಎರಡನ್ನೂ ನೋಡಿ. ಫೇಸ್‌ಬುಕ್ಕಿನಲ್ಲೋ ಬ್ಲಾಗಿನಲ್ಲೋ ಹಾಕಿದ್ದು ಸಾಮಾನ್ಯವಾಗಿ ‘ಪ್ರಕಟಿತ’ ಅಂತಲೇ ಲೆಕ್ಕ, ಗೆಳೆಯರಿಗೆ ತೋರಿಸೋಕೆ ಅಂತ ಹಾಕಿ ಕೆಡಿಸಿಕೊಳ್ಳಬೇಡಿ.

ಟೈಪಿಂಗ್ ಯೂನಿಕೋಡಿನಲ್ಲಿ ಮಾಡಿ. ಪತ್ರಿಕೆಯವರು ‘ನುಡಿ’ ತಂತ್ರಾಂಶದ ಫಾಂಟಿನಲ್ಲಿ ಕೇಳಿದರೆ ಪರಿವರ್ತಿಸಿ ಕೊಡಿ, ಆದರೆ ಪರಿವರ್ತನೆ ಆದ ಮೇಲೆ ಕಣ್ಣಲ್ಲಿ ಓದದೆ ಕಳಿಸಬೇಡಿ. ಕೆಡೋದು ಗೊತ್ತಿರೋ ಜಾಗಗಳಲ್ಲೇ: ಅರ್ಕಾವತ್ತು, ಮೂರು ವ್ಯಂಜನದ ಒತ್ತು, ‘ರಾಜ್‌ಕುಮಾರ್’ ಥರದ ಪದ. ಇದರಲ್ಲಿ ಜ್ ಆದ ಮೇಲೆ ಕಣ್ಣಿಗೆ ಕಾಣದ ಒಂದು ಅಕ್ಷರ ಇರುತ್ತೆ, ಅದು ಬಿದ್ದುಹೋದರೆ ‘ರಾಜ್ಕುಮಾರ್’ ಆಗುತ್ತೆ. ಇನ್ನೊಂದು, ಅನುಸ್ವಾರದ ಜಾಗದಲ್ಲಿ ಅಂಕಿಯ ಸೊನ್ನೆ ಒತ್ತೋದು. ‘ಬಂದ’ ಮತ್ತು ‘ಬ೦ದ’ ನೋಡೋಕೆ ಒಂದೇ, ಕಂಪ್ಯೂಟರಿಗೆ ಬೇರೆ. ಹುಡುಕಿ ತಿದ್ದುವಾಗ ಸಿಗೋದಿಲ್ಲ, ಫಾಂಟು ಬದಲಾದಾಗ ಎದ್ದು ಕೂರುತ್ತೆ. ಅರ್ಥದಲ್ಲಿ ಅನುಮಾನ ಬಂದರೆ ‘ಅಲರ್’ ಜಾಲನಿಘಂಟು, ‘ಭಾರತವಾಣಿ’ ಎರಡೂ ಪುಕ್ಕಟೆ.

ಸಂಕಲನದ ಲೆಕ್ಕ: ಡೆಮಿ 1/8 ಅಳತೆಯ ಪುಟಕ್ಕೆ ಸುಮಾರು 200 ಪದ. ಒಂದು ಫಾರಂ ಅಂದರೆ 16 ಪುಟ. 8 ಫಾರಂಗೆ 128 ಪುಟ, ಅಂದರೆ ಸುಮಾರು 25,000 ಪದ. 130 ಪುಟ ಆಗುವ ಹಾಗಿದ್ದರೆ ಎರಡು ಪುಟ ಕಡಿಮೆ ಮಾಡಿ, ಇಲ್ಲದಿದ್ದರೆ ಇನ್ನೊಂದು ಫಾರಂನ ಖಾಲಿ ಪುಟಕ್ಕೂ ಕಾಗದದ ದುಡ್ಡು ಕೊಡಬೇಕು. ಐಎಸ್‌ಬಿಎನ್‌ಗೆ (ಪುಸ್ತಕದ ಗುರುತಿನ ಸಂಖ್ಯೆಗೆ) ಸರ್ಕಾರದ ಕಡೆ ಶುಲ್ಕ ಇಲ್ಲ, ಅದಕ್ಕಂತ ದುಡ್ಡು ಕೇಳಿದರೆ ಯಾಕೆ ಅಂತ ಕೇಳಿ.

ಪ್ರಕಾಶಕರು ಸಿಕ್ಕರೆ ಕರಾರು ಬರಹದಲ್ಲಿರಲಿ. 1957ರ ಕೃತಿಸ್ವಾಮ್ಯ ಕಾಯ್ದೆಯ 19ನೇ ಕಲಮಿನ ಪ್ರಕಾರ, ಹಕ್ಕು ವರ್ಗಾಯಿಸುವಾಗ ಅವಧಿ ಬರೆಯದಿದ್ದರೆ 5 ವರ್ಷ ಅಂತ ಲೆಕ್ಕ, ಪ್ರದೇಶ ಬರೆಯದಿದ್ದರೆ ಭಾರತ ಮಾತ್ರ. ಪಡೆದ ಹಕ್ಕನ್ನು ಒಂದು ವರ್ಷದೊಳಗೆ ಬಳಸದಿದ್ದರೆ, ಕರಾರಿನಲ್ಲಿ ಬೇರೆ ಹೇಳಿರದಿದ್ದರೆ, ಅದು ಅವರ ಕೈಬಿಟ್ಟು ಹೋಗುತ್ತೆ. ‘ಸರ್ವ ಹಕ್ಕುಗಳು, ಶಾಶ್ವತವಾಗಿ’ ಅಂತ ಅಚ್ಚಾದ ಹಾಳೆ ಕೊಟ್ಟರೆ ಆ ಸಾಲು ಹೊಡೆದು ಹಾಕಿಸಿ. ನಿಮ್ಮ ವಿಷಯದಲ್ಲಿ ಮಲಯಾಳಂ ಅನುವಾದದ ಹಕ್ಕು ಮುಖ್ಯ, ಅದನ್ನು ನಿಮ್ಮ ಹತ್ತಿರವೇ ಇಟ್ಟುಕೊಳ್ಳಿ.

ಎನ್ನಾರ್‌ಪುರದ ಓದುಗಿ:

ತುಂಬಾ ಉಪಕಾರ. ಪುಸ್ತಕ ಪ್ರಾಧಿಕಾರದ ಚೊಚ್ಚಲ ಕೃತಿ ಪ್ರೋತ್ಸಾಹಧನಕ್ಕೆ ನಾನು ಹಾಕಬಹುದೇ? ವಯಸ್ಸು ನಲವತ್ತು ದಾಟಿದೆ.

ಅಚ್ಚುಮೊಳೆ:

ಆಗಲ್ಲ ಮೇಡಂ, ಅದು 18ರಿಂದ 35ರವರಿಗೆ. ನೀವು ನೇರವಾಗಿ ಪ್ರಕಾಶಕರ ಹತ್ತಿರ ಹೋಗಿ, ಆದರೆ ಅದಕ್ಕೂ ಮುಂಚೆ ಎರಡು ಮೂರು ಕತೆ ಪತ್ರಿಕೆಯಲ್ಲಿ ಬಂದಿರಲಿ. ಹಸ್ತಪ್ರತಿ ಇಡೀ ಕಳಿಸಬೇಡಿ, ಅತ್ಯುತ್ತಮ ಎರಡು ಕತೆ, ಒಂದು ಪುಟ ಪರಿಚಯ, ಒಟ್ಟು ಪದಸಂಖ್ಯೆ ಸಾಕು. ಗ್ರಂಥಾಲಯ ಖರೀದಿ ಆಗೇ ಆಗುತ್ತೆ ಅಂತ ಯಾರಾದರೂ ಹೇಳಿದರೆ ಅದನ್ನು ನೆಚ್ಚಿಕೊಂಡು ಸಾವಿರ ಪ್ರತಿ ಹಾಕಿಸಬೇಡಿ, 300ರಿಂದ ಶುರು ಮಾಡಿ.