ಹಾನಗಲ್ಲ ಭಾಗದ ಹೊಲಕ್ಕೆ ಸಾಗವಾನಿ ಹೊಂದುವುದೇ?

ಪ್ರಶ್ನೆ: ಹಾನಗಲ್ಲ ತಾಲೂಕಿನಲ್ಲಿ ನಮಗೆ ಎರಡು ಎಕರೆ ಮಸಾರಿ (ಕೆಂಪು ಮಣ್ಣಿನ) ಹಾಗೂ ಒಂದು ಎಕರೆ ಎರೆ (ಕಪ್ಪು ಮಣ್ಣಿನ) ಹೊಲವಿದ್ದು, ಮೂರರಲ್ಲಿಯೂ ಸಾಗವಾನಿ ಬೆಳೆಸಬೇಕೆಂದಿದ್ದೇನೆ. ಅನುಭವವುಳ್ಳವರು ದಯವಿಟ್ಟು ತಿಳಿಸಿರಿ.

ಉತ್ತರ: ಮಸಾರಿಯಲ್ಲಿ ಧಾರಾಳವಾಗಿ ನೆಡಿರಿ. ಎರೆಯಲ್ಲಿ ಮಳೆಗಾಲದ ನೀರು ನಿಂತು, ಬೇರಿಗೆ ಗಾಳಿಯಾಡದೆ ಸಾಗವಾನಿ ಸೊರಗುವುದರಿಂದ, ಅಲ್ಲಿ ಜೋಳ, ಕಡಲೆಯನ್ನೇ ಮುಂದುವರಿಸಿ ಬದುವಿನಲ್ಲಿ ಜಾಲಿ ಬೆಳೆಸುವುದು ಲೇಸು.

ಮತ್ತೊಂದು ಉತ್ತರ: 2 ಮೀಟರ್ ಅಂತರದಲ್ಲಿ ನೆಟ್ಟರೆ ಎಕರೆಗೆ ಸುಮಾರು 1,000 ಸಸಿಗಳು ಹಿಡಿಯುತ್ತವೆ. ಆದರೆ ಕೊಂಬೆಗಳು ಒಂದಕ್ಕೊಂದು ತಾಗತೊಡಗಿದಾಗ ಸಣಕಲು ಗಿಡಗಳನ್ನು ತೆಗೆಯಲು ಮನಸ್ಸು ಬಾರದೆ (ನನಗೂ ಬಂದಿರಲಿಲ್ಲ) ಹಾಗೇ ಬಿಟ್ಟರೆ, ಮರಗಳು ಎತ್ತರವಾದರೂ ಬೊಡ್ಡೆ ದಪ್ಪವಾಗುವುದಿಲ್ಲ. ಬೆಲೆಯಿರುವುದು ದಪ್ಪ ಬೊಡ್ಡೆಯ ಒಳಗಿನ ಚೇಗಿಗೇ (ಗಟ್ಟಿ ತಿರುಳಿಗೇ) ಹೊರತು ಹೊರಗಿನ ಬಿಳಿ ಭಾಗಕ್ಕಲ್ಲ.

ಇನ್ನೊಂದು ಉತ್ತರ: ಕಡಿಯಲು 1976ರ ಕರ್ನಾಟಕ ವೃಕ್ಷ ಸಂರಕ್ಷಣಾ ಕಾಯ್ದೆಯಡಿ ಅನುಮತಿ ಬೇಕಾಗುವುದರಿಂದ, ಮರಗಳನ್ನು ಉತಾರದಲ್ಲಿ (ಪಹಣಿಯಲ್ಲಿ) ಮೊದಲೇ ನಮೂದಿಸಿರಿ.