‘ನರೋದ್ನಿ ಅರ್ತಿಸ್ತ್’ ಬಿರುದಿಗೆ ಕನ್ನಡದಲ್ಲಿ ಏನೆನ್ನುವುದು? (ತುರ್ತು)

ಎಲ್ಲರಿಗೂ ನಮಸ್ಕಾರ. ನಮ್ಮ ಚಿತ್ರಸಮಾಜದಲ್ಲಿ ಶನಿವಾರ 1964ರ ರಷ್ಯನ್ ‘ಹ್ಯಾಮ್ಲೆಟ್’ ತೋರಿಸುತ್ತಿದ್ದೇವೆ. ಹ್ಯಾಮ್ಲೆಟ್ ಪಾತ್ರ ಮಾಡಿದ ಇನ್ನೊಕೆಂತಿ ಸ್ಮೊಕ್ತುನೊವ್ಸ್ಕಿ ಬಗ್ಗೆ ಒಂದು ಫಲಕ ಬೇಕು. ಸಂಜೆಯೊಳಗೆ ಪ್ರಿಂಟಿಗೆ ಕೊಡಬೇಕು. 1925ರಲ್ಲಿ ಸೈಬೀರಿಯಾದ ಹಳ್ಳಿಯೊಂದರಲ್ಲಿ ಹುಟ್ಟಿದ್ದು, ಯುದ್ಧದಲ್ಲಿ ಜರ್ಮನ್ನರಿಗೆ ಸೆರೆಸಿಕ್ಕು ತಪ್ಪಿಸಿಕೊಂಡದ್ದು, ಆಮೇಲೆ ಉತ್ತರದ ತುದಿಯ ನೊರಿಲ್ಸ್ಕ್‌ನ ನಾಟಕ ತಂಡದಲ್ಲಿ ದುಡಿದದ್ದು, 1957ರಲ್ಲಿ ಲೆನಿನ್‌ಗ್ರಾದ್‌ನಲ್ಲಿ ದಸ್ತಯೇವ್ಸ್ಕಿಯ ‘ಈಡಿಯಟ್’ ಕಾದಂಬರಿ ಆಧರಿಸಿದ ನಾಟಕದಲ್ಲಿ ನಾಯಕ ಮಿಷ್ಕಿನ್ ಆಗಿ ಹೆಸರು ಮಾಡಿದ್ದು, ಎಲ್ಲ ಬರೆದಾಯಿತು. 1974ರಲ್ಲಿ ಬಂದ ‘ಸೋವಿಯತ್ ಒಕ್ಕೂಟದ ನರೋದ್ನಿ ಅರ್ತಿಸ್ತ್’ ಬಿರುದಿನ ಹತ್ತಿರ ನಿಂತಿದ್ದೇನೆ. ‘ನರೋದ್’ ಅಂದರೆ ಜನ, ‘ಅರ್ತಿಸ್ತ್’ ಅಂದರೆ ಕಲಾವಿದ. ನಮ್ಮವರೊಬ್ಬರು ‘ಜನಪದ ಕಲಾವಿದ’ ಎಂದು ಹಾಕಿದ್ದಾರೆ. ಸರಿಯೇ?

ಮರು:
ಖಂಡಿತ ಬೇಡ. ಜನಪದ ಕಲಾವಿದರು ಅಂದರೆ ನಮ್ಮಲ್ಲಿ ಕಂಸಾಳೆಯವರು, ಡೊಳ್ಳಿನವರು. ಷೇಕ್ಸ್‌ಪಿಯರ್ ನಾಟಕದ ನಟನಿಗೆ ಅದು ಹೊಂದುವುದಿಲ್ಲ. ರಷ್ಯನ್ನಿನಲ್ಲಿ ‘ನರೋದ್ನಿ’ ಜನಪದ ಹಾಡಿಗೂ ನಡೆಯುತ್ತದೆ, ಈ ಬಿರುದಿಗೂ ನಡೆಯುತ್ತದೆ. ಕನ್ನಡದಲ್ಲಿ ಹಾಗಲ್ಲ. ಇನ್ನೊಂದು ಮಾತು. ‘ನರೋದ್’ನಲ್ಲಿ ನಮ್ಮ ‘ನರ’ ಇದೆ. ರಷ್ಯನ್, ಸಂಸ್ಕೃತ ಒಂದೇ ಬಳಗದವು ಅಲ್ವಾ? ‘ನರ’ ಉಳಿಯುವಂಥ ಪದವನ್ನೇ ಹುಡುಕಬೇಕು.

ಮರು:
‘ನರ’ಕ್ಕೂ ಅದಕ್ಕೂ ಸಂಬಂಧ ಇಲ್ಲ. ‘ನ’ ಉಪಸರ್ಗ, ‘ರೋದ್’ ಮೂಲ. ಹುಟ್ಟು, ಕುಲ ಎಂದು ಅರ್ಥ. ಸಂಸ್ಕೃತದ ‘ಜನ’ ಕೂಡ ಹುಟ್ಟು ಎನ್ನುವ ಧಾತುವಿನಿಂದಲೇ ಬಂದದ್ದು. ಧಾತು ಬೇರೆ, ಯೋಚನೆ ಒಂದೇ. ‘ಜನತಾ ಕಲಾವಿದ’ ಎನ್ನಿ. ಜನತಾ ನ್ಯಾಯಾಲಯ, ಜನತಾ ದರ್ಶನ ಎಂದು ದಿನಾ ಬಳಸುತ್ತೇವೆ. ‘ಜನಪ್ರಿಯ ನಟ’ ಅಂತೂ ಬೇಡವೇ ಬೇಡ. ಇದು ಅಭಿಮಾನಿಗಳು ಕೊಟ್ಟದ್ದಲ್ಲ, 1936ರಲ್ಲಿ ಸರ್ಕಾರ ಶುರು ಮಾಡಿದ ಬಿರುದು. ಮೊದಲ ಪಟ್ಟಿಯಲ್ಲೇ ಹೆಸರಾಂತ ರಂಗ ನಿರ್ದೇಶಕ ಸ್ತನಿಸ್ಲಾವ್ಸ್ಕಿ ಇದ್ದರು.

ಮರು:
‘ಜನತಾ’ ಎರವಲು, ‘ಕಲಾವಿದ’ ಎರವಲು. ಕನ್ನಡ ಎಲ್ಲಿ ಹೋಯಿತು? ‘ನಾಡ ಕಲೆಗಾರ’ ಎಂದರೆ ಯಾರಿಗೆ ತಿಳಿಯುವುದಿಲ್ಲ? ಪ್ರತಿ ಸಲವೂ ಸಂಸ್ಕೃತದ ಬಾಗಿಲಿಗೇ ಹೋಗಿ ನಿಲ್ಲುತ್ತೇವೆ. ನಮ್ಮ ಬೇರುಗಳಿಗೆ ಕೆಲಸ ಕೊಡದಿದ್ದರೆ ಅವು ಒಣಗುತ್ತವೆ.

ಮರು:
‘ಕಲೆ’ ಯಾವ ಊರಿನದು? ಅದೂ ಸಂಸ್ಕೃತದ್ದೇ. ರಷ್ಯನ್ನರ ‘ಅರ್ತಿಸ್ತ್’ ಫ್ರೆಂಚಿನಿಂದ ಬಂದದ್ದು. ಅವರ ಅತಿ ದೊಡ್ಡ ಬಿರುದಿನಲ್ಲೇ ಅರ್ಧ ಎರವಲು, ಅದರಿಂದ ರಷ್ಯನ್ ಸೊರಗಲಿಲ್ಲ. ಅದಿರಲಿ, ‘ನಾಡ’ ಇಲ್ಲಿ ಅರ್ಥವನ್ನೇ ಕೆಡಿಸುತ್ತದೆ. ‘ನರೋದ್’ ಅಂದರೆ ಜನ, ನೆಲ ಅಲ್ಲ. ಅದೂ ಅಲ್ಲದೆ ಈ ಬಿರುದಿನಲ್ಲಿ ಎರಡು ಮೆಟ್ಟಿಲು. ಸ್ಮೊಕ್ತುನೊವ್ಸ್ಕಿಗೆ ರಷ್ಯಾ ಗಣರಾಜ್ಯದ್ದು 1969ರಲ್ಲಿ ಬಂತು, ಇಡೀ ಒಕ್ಕೂಟದ್ದು 1974ರಲ್ಲಿ. ಬರೀ ‘ನಾಡ’ ಎಂದರೆ ಯಾವ ನಾಡು? ‘ಸೋವಿಯತ್ ಒಕ್ಕೂಟದ’ ಎನ್ನುವುದನ್ನು ಬಿಡಲೇಬೇಡಿ.

ಮರು:
‘ಕಲೆ’ ಬೇಡವಾದರೆ ‘ಆಟಗಾರ’ ಇದೆ. ಬಯಲಾಟದವರನ್ನು ಕೇಳಿ.

ಮರು:
ಆಟಗಾರ ಅಂದರೆ ಇವತ್ತು ಕ್ರಿಕೆಟ್. ಸಾಕು.

ಮರು:
ಎಲ್ಲರಿಗೂ ಧನ್ಯವಾದ. ‘ಸೋವಿಯತ್ ಒಕ್ಕೂಟದ ಜನತಾ ಕಲಾವಿದ, 1974’ ಎಂದು ಕಳಿಸಿದೆ. ಇದರ ಕೆಳಗಿನ ಬಿರುದು ‘ಜಸ್ಲೂಝೆನ್ನಿ ಅರ್ತಿಸ್ತ್’ಗೆ ‘ಮಾನ್ಯ ಕಲಾವಿದ’ ಎಂದಿದ್ದೇನೆ. ತಕರಾರಿದ್ದರೆ ಐದು ಗಂಟೆಯೊಳಗೆ ಹೇಳಿ.