ನೇಮದ ಆಮಂತ್ರಣದಲ್ಲಿ ಅಜ್ಜಿಯ ಹೆಸರು ಎಲ್ಲಿ?

ದೊಡ್ಡ ಮಾವ, ಕಾಪು: (ಫೋಟೊ: ನಮ್ಮ ಕುಟುಂಬದ ದೈವಗಳ ನೇಮೋತ್ಸವದ ಆಮಂತ್ರಣ) ಪ್ರೂಫ್ ಬಂತು. ಎಲ್ಲರೂ ನೋಡಿ. ನಾಳೆ ಪ್ರಿಂಟಿಗೆ ಕೊಡುದು.

ಚಿಕ್ಕ ಮಾವ, ಮುಂಬೈ: ಲಾಯ್ಕುಂಟು.

ನಾನು: ಮಾವ, ತಾರೀಕು, ದೈವಗಳ ಹೆಸರು ಸರಿ ಉಂಟು. ಕೆಳಗೆ ಆಮಂತ್ರಿಸುವವರು ಅಂತ ಎಂಟು ಹೆಸರು, ಎಂಟೂ ಗಂಡಸರದ್ದು. ಅಜ್ಜಿಯ ಹೆಸರು ಎಲ್ಲಿ?

ದೊಡ್ಡ ಮಾವ: ಹಿಂದಿನಿಂದ ಹಾಗೇ ಬಂದದ್ದು. ಕೊನೆಗೆ "ಕುಟುಂಬಸ್ಥರು" ಅಂತ ಹಾಕಿದ್ದೇನಲ್ಲ, ಅದರಲ್ಲಿ ಎಲ್ಲರೂ ಬಂದರು.

ನಾನು: ಬರಲಿಲ್ಲ ಮಾವ. ನಮ್ಮದು ಅಳಿಯಸಂತಾನ, ಕುಟುಂಬವನ್ನು ತಾಯಿಯ ಕಡೆಯಿಂದ ಎಣಿಸುವ ಕ್ರಮ. ನೀವು, ಅಮ್ಮ, ನಾನು ಈ ಮನೆಯವರಾದದ್ದೇ ಅಜ್ಜಿಯಿಂದ. ನಾಲ್ಕನೇ ಹೆಸರು ನಿಮ್ಮ ಮಗನದ್ದು. ಆ ಅಣ್ಣನ ಬರಿ, ಅಂದರೆ ತಾಯಿಯಿಂದ ಬರುವ ಗೋತ್ರ, ಅತ್ತೆಯದ್ದು, ಅವನ ಕುಟುಂಬದ ಮನೆ ಕಾರ್ಕಳದಲ್ಲಿ. ಅವನ ಹೆಸರು ಉಂಟು, ಅಮ್ಮನದ್ದಿಲ್ಲ.

ದೊಡ್ಡ ಮಾವ: ಅವ ಚಪ್ಪರದ ಖರ್ಚು ಪೂರ್ತಿ ಕೊಟ್ಟಿದ್ದಾನೆ. ಈಗ ಮಗ, ಅಳಿಯ ಅಂತ ನೋಡಿದರೆ ಆಗ್ತದಾ? ಕಾನೂನೇ ಬದಲಾಗಿದೆ.

ನಾನು: ಬದಲಾದ್ದು ಹೌದು. ಮೊದಲು ಎಲ್ಲರೂ ಒಪ್ಪದೆ ಕುಟುಂಬದ ಆಸ್ತಿಯಲ್ಲಿ ಪಾಲು ಕೇಳುವ ಹಾಗಿರಲಿಲ್ಲ. 1949ರ ಮದ್ರಾಸ್ ಅಳಿಯಸಂತಾನ ಕಾಯ್ದೆ ಕವರಿಗೆ, ಅಂದರೆ ಒಬ್ಬ ತಾಯಿಯ ಶಾಖೆಗೆ, ಪಾಲು ಕೇಳುವ ಹಕ್ಕು ಕೊಟ್ಟಿತು. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ಬಂದ ಮೇಲೆ ಗಂಡಸಿನ ಪಾಲು ಅವನ ಹೆಂಡತಿ ಮಕ್ಕಳಿಗೂ ಸಿಗುತ್ತದೆ. ಅದು ನ್ಯಾಯವೇ. ಆದರೆ ದೈವದ ಮುಂದೆ ನಿಂತಾಗ ಇವತ್ತಿಗೂ ನಾವು ಹೇಳುದು ತಾಯಿಯ ಬರಿ. ಮಗನ ಹೆಸರಿಗೆ ಹೊಸ ಕ್ರಮ, ಹೆಂಗಸರ ಹೆಸರಿಗೆ ಮಾತ್ರ ಹಳೆ ಕ್ರಮ ಅಂದರೆ ನಾನು ಒಪ್ಪುವುದಿಲ್ಲ. ಹಳೆ ಕ್ರಮದಲ್ಲೂ ಹಿರಿಯ ಹೆಂಗಸು ಯಜಮಾನ್ತಿ ಆಗಬಹುದಿತ್ತಲ್ಲ.

ಚಿಕ್ಕ ಮಾವ: ಎಲ್ಲರ ಹೆಸರು ಹಾಕಿದರೆ ಪುಸ್ತಕ ಆದೀತು. ದೈವದ ಕಾರ್ಯದಲ್ಲಿ ಗಲಾಟೆ ಯಾಕೆ?

ಅಮ್ಮ: ಗಲಾಟೆ ಎಂತದ್ದು ತಮ್ಮಾ? ಹಿಂದಿನ ದಿನವೇ ಬಂದು ಚಾವಡಿ ಒರೆಸುದು, ದೀಪ ತಿಕ್ಕುದು, ದೈವಕ್ಕೆ ಬಡಿಸುವ ಅಗೇಲಿಗೆ ಅಡಿಗೆ ಮಾಡುದು, ಬಂದವರಿಗೆ ಬಡಿಸುದು ಎಲ್ಲ ನಾವು. ನನ್ನದು ಬಿಡು, ಅಮ್ಮನ ಹೆಸರು ಬೇಕು.

ಅತ್ತೆ: ಅವಳು ಹೇಳಿದ್ದು ಸರಿ. ನನ್ನ ಮಗನ ಹೆಸರು ಕೆಳಗೆ "ಸಹಕಾರ" ಅಂತ ಬರಲಿ. ಅವನಿಗೆ ನಾನೇ ಹೇಳ್ತೇನೆ.

ದೊಡ್ಡ ಮಾವ: ಆಯ್ತು, ಅಮ್ಮನ ಹೆಸರು ಮೊದಲು ಹಾಕುವ. ಉಳಿದ ಹೆಂಗಸರದ್ದು ಮುಂದಿನ ವರ್ಷ ನೋಡುವ.

ನಾನು: ಅಜ್ಜಿಯದ್ದು ಮೊದಲು ಬಂದದ್ದು ತುಂಬಾ ಸಂತೋಷ ಮಾವ. ಅಮ್ಮ, ದೊಡ್ಡಮ್ಮನದ್ದು ಈ ವರ್ಷವೇ ಹಾಕಿ. ಜಾಗ ಸಾಲದಿದ್ದರೆ ಮೇಲಿನ ಫೋಟೊ ಸಣ್ಣದು ಮಾಡಬಹುದು.

ದೊಡ್ಡ ಮಾವ: ಪ್ರೆಸ್ಸಿನವರಲ್ಲಿ ಕೇಳಿ ಹೇಳ್ತೇನೆ. ಹೆಸರು ಅಕ್ಷರ ತಪ್ಪಿಲ್ಲದೆ ಬರೆದು ಕಳಿಸು.